ಅನ್ನಪೂರ್ಣಾ ಒಂದೇ, ಪುಸ್ತಕ ಎರಡು

ಮೇಷ್ಟ್ರೇ, ನಮಸ್ಕಾರ.

ನಿಮ್ಮ ಹಸ್ತಪ್ರತಿ ತಲುಪಿ ಎರಡು ತಿಂಗಳಾಯಿತು. ಹದಿನಾಲ್ಕು ಪರ್ವತಾರೋಹಿಗಳ ಜೀವನ, 212 ಪುಟ, ದುಂಡಗಿನ ಕೈಬರಹ. ಪೂರ್ತಿ ಓದಿದೆ, ಕೆಲವು ಅಧ್ಯಾಯ ಎರಡು ಸಲ. ಸುತ್ತಿ ಬಳಸಿ ಹೇಳುವುದು ಬೇಡ: ಈಗಿರುವ ಹಾಗೆ ಇದನ್ನು ಅಚ್ಚು ಹಾಕಲಾರೆ. ಹಾಗಂತ ಒಂದು ಸಾಲು ಬರೆದು ವಾಪಸ್ ಕಳಿಸಿ ಕೈತೊಳೆದುಕೊಳ್ಳಲೂ ಮನಸ್ಸಾಗಲಿಲ್ಲ.

ಸಣ್ಣ ತಕರಾರುಗಳು ಮೊದಲು. ನಿಮ್ಮಲ್ಲಿ ಎಲ್ಲರೂ ಚಿಕ್ಕಂದಿನಲ್ಲೇ ಬೆಟ್ಟದ ಹುಚ್ಚು ಹತ್ತಿಸಿಕೊಳ್ಳುತ್ತಾರೆ, ಅಂಜದೆ ಅಳುಕದೆ ಏರುತ್ತಾರೆ, ಕೊನೆಗೆ ‘ಶಿಖರವನ್ನು ಮೆಟ್ಟಿ’ ನಿಲ್ಲುತ್ತಾರೆ. ಹೆಸರು ಅಳಿಸಿಬಿಟ್ಟರೆ ಎವರೆಸ್ಟಿನಲ್ಲೇ ತೀರಿಕೊಂಡ ಮ್ಯಾಲರಿ ಯಾರು, ಜುಂಕೋ ತಾಬೆಯಿ ಯಾರು ಅಂತ ಗೊತ್ತಾಗುವುದಿಲ್ಲ. ತಾಬೆಯಿ 1975ರ ಮೇ ತಿಂಗಳಲ್ಲಿ ಹಿಮಕುಸಿತದಡಿ ಸಿಕ್ಕಿಕೊಂಡು, ಹನ್ನೆರಡು ದಿನ ಬಿಟ್ಟು ಎವರೆಸ್ಟ್ ತುದಿ ಮುಟ್ಟಿದ ಹೆಂಗಸು. ಆ ಹನ್ನೆರಡು ದಿನಕ್ಕೆ ನೀವು ಕೊಟ್ಟಿದ್ದು ಒಂದೂವರೆ ಸಾಲು. ‘ಅಚಲ ಆತ್ಮವಿಶ್ವಾಸ’ಕ್ಕೆ ಎರಡು ಪುಟ! ಅಧ್ಯಾಯ ಮುಗಿದಾಗೆಲ್ಲ ಬರುವ ‘ಇದರಿಂದ ನಾವು ಕಲಿಯಬೇಕಾದುದು’ ತರಗತಿಯಿಂದ ಬಂದ ಅಭ್ಯಾಸ, ಅರ್ಥವಾಗುತ್ತದೆ. ಹದಿನಾಲ್ಕನ್ನೂ ಹೊಡೆದುಹಾಕಿದ್ದೇನೆ.

ಇನ್ನೊಂದು ತಪ್ಪು ನಿಮ್ಮಿಂದ ನಿರೀಕ್ಷಿಸಿರಲಿಲ್ಲ. ‘ತುದಿಯಲ್ಲಿ ಹಿಮಕೊಡಲಿ ಎತ್ತಿ ನಿಂತ ಹಿಲರಿ’ ಅಂತ ಫೋಟೊದ ಕೆಳಗೆ ಬರೆದಿದ್ದೀರಿ. ಅದು ತೇನ್‌ಸಿಂಗ್. ಕ್ಯಾಮೆರಾ ಇದ್ದದ್ದು ಹಿಲರಿಯ ಕೈಯಲ್ಲಿ. 1953ರ ಮೇ 29ರಂದು ಎವರೆಸ್ಟ್ ತುದಿಯ ಮೇಲೆ ಹಿಲರಿಯ ಫೋಟೊ ಯಾರೂ ತೆಗೆಯಲೇ ಇಲ್ಲ.

ಇವೆಲ್ಲ ಒಂದು ವಾರ ಕೂತರೆ ಸರಿಹೋಗುವಂಥವು. ಹಾಗೆ ಸರಿಹೋಗದ್ದು ಬೇರೆಯೇ ಇದೆ: ನೀವು ಓದಿರುವುದೆಲ್ಲ ತಂಡದ ನಾಯಕರ ಪುಸ್ತಕಗಳನ್ನು. ಅವರು ಹೇಳಿದ್ದನ್ನೇ ನೀವು ಇನ್ನಷ್ಟು ಗಟ್ಟಿ ದನಿಯಲ್ಲಿ ಹೇಳಿದ್ದೀರಿ.

ನೇಪಾಳದ ಅನ್ನಪೂರ್ಣಾ ಶಿಖರದ ಅಧ್ಯಾಯವನ್ನೇ ತೆಗೆದುಕೊಳ್ಳಿ. 1950ರ ಜೂನ್ 3ರಂದು ಫ್ರಾನ್ಸಿನ ತಂಡದ ನಾಯಕ ಮೋರಿಸ್ ಹರ್ಜೋಗ್ ಮತ್ತು ಲೂಯಿ ಲಾಶ್ನಾಲ್ ತುದಿ ತಲುಪಿದರು. 8000 ಮೀಟರ್ ಮೀರಿದ ಶಿಖರವೊಂದನ್ನು ಮನುಷ್ಯರು ಹತ್ತಿದ್ದು ಅದೇ ಮೊದಲು. ಇಳಿಯುವಾಗ ಹರ್ಜೋಗ್‌ನ ಕೈಗವಸುಗಳು ಉರುಳಿಹೋದವು. ಅವನ ಕೈಕಾಲಿನ ಬೆರಳುಗಳು ಹೋದವು, ಲಾಶ್ನಾಲ್‌ನ ಕಾಲ್ಬೆರಳುಗಳೆಲ್ಲ ಹೋದವು. ಹರ್ಜೋಗ್ ಆಸ್ಪತ್ರೆಯ ಹಾಸಿಗೆಯಲ್ಲಿ ಮಲಗಿ ಪುಸ್ತಕ ಹೇಳಿ ಬರೆಸಿದ. ನೀವು ಓದಿರುವುದು ಅದನ್ನು. ಆದರೆ ತಂಡದ ಉಳಿದವರೆಲ್ಲ ಐದು ವರ್ಷ ಏನನ್ನೂ ಪ್ರಕಟಿಸುವುದಿಲ್ಲವೆಂದು ಹೊರಡುವ ಮೊದಲೇ ಸಹಿ ಹಾಕಿದ್ದರು, ಅದು ನಿಮ್ಮ ಅಧ್ಯಾಯದಲ್ಲಿಲ್ಲ. ಲಾಶ್ನಾಲ್ 1955ರಲ್ಲಿ ಸ್ಕೀಯಿಂಗ್ ಮಾಡುತ್ತಾ ಹಿಮದ ಬಿರುಕಿಗೆ ಬಿದ್ದು ತೀರಿಕೊಂಡ. ಮರುವರ್ಷ ಅವನ ಟಿಪ್ಪಣಿಗಳ ಪುಸ್ತಕ ಬಂತು. ಅದನ್ನು ತಿದ್ದಿ ಕತ್ತರಿಸಿ ಕೊಟ್ಟವನು ಹರ್ಜೋಗ್‌ನ ತಮ್ಮ. ಪೂರ್ತಿ ಟಿಪ್ಪಣಿ ಹೊರಬಿದ್ದದ್ದು 1996ರಲ್ಲಿ. ಸಂಪಾದಕನಾಗಿ ನನ್ನ ಕತ್ತರಿಯ ಬಗ್ಗೆ ನನಗೇ ಹೆದರಿಕೆ ಹುಟ್ಟಿಸುವ ಕಥೆ ಇದು.

ಆ ಟಿಪ್ಪಣಿಯಲ್ಲಿ ಇರುವುದೇನು? ಲಾಶ್ನಾಲ್ ಆಲ್ಪ್ಸ್ ತಪ್ಪಲಿನ ಶಾಮೊನಿ ಊರಿನ ಪರ್ವತ ಗೈಡು, ಕಾಲೇ ಅವನ ಅನ್ನ. ತುದಿಗೆ ಮುಂಚೆ ಅವನು, ನಾನು ಹಿಂದಿರುಗಿದರೆ ಏನು ಮಾಡುತ್ತೀ ಅಂತ ಕೇಳುತ್ತಾನೆ. ಒಬ್ಬನೇ ಹೋಗುತ್ತೇನೆ ಅನ್ನುತ್ತಾನೆ ಹರ್ಜೋಗ್. ಹಾಗಾದರೆ ನಾನೂ ಬರುತ್ತೇನೆ ಅನ್ನುತ್ತಾನೆ ಇವನು. ಇಷ್ಟು ಹರ್ಜೋಗ್‌ನ ಪುಸ್ತಕದಲ್ಲೂ ಇದೆ. ಯಾಕೆ ಬಂದ ಅನ್ನುವುದು ಲಾಶ್ನಾಲ್‌ನ ಟಿಪ್ಪಣಿಯಲ್ಲಿದೆ: ಒಬ್ಬನೇ ಹೋದರೆ ಹರ್ಜೋಗ್ ಜೀವಸಹಿತ ವಾಪಸಾಗುವುದಿಲ್ಲ ಅಂತ ಅವನಿಗೆ ಅನ್ನಿಸಿತ್ತು, ಅದಕ್ಕೆ. ದೇಶಕ್ಕಾಗಿ ಅಲ್ಲ, ಕೀರ್ತಿಗಾಗಿಯೂ ಅಲ್ಲ. ನೀವು ಅವನ ಬಾಯಲ್ಲಿ ‘ನಾಯಕರೇ, ತಮ್ಮನ್ನು ಅನುಸರಿಸುವೆನು’ ಅಂತ ಹೇಳಿಸಿದ್ದೀರಿ. ಮೇಷ್ಟ್ರೇ, ಇದು ಬಯಲಾಟದ ಮಾತು. ಆ ಎತ್ತರದಲ್ಲಿ, ಆಕ್ಸಿಜನ್ ಸಿಲಿಂಡರ್ ಇಲ್ಲದೆ, ಒಂದೊಂದು ಹೆಜ್ಜೆಗೂ ಏದುಸಿರು ಬಿಡುತ್ತಿರುವವನು ‘ಸರಿ, ಬರ್ತೀನಿ’ ಅಂದರೆ ಹೆಚ್ಚು.

ಅದೇ ಅಧ್ಯಾಯದಲ್ಲಿ ಆಂಗ್ ಥಾರ್ಕೆ ‘ನಿಷ್ಠಾವಂತ ಶೆರ್ಪಾ’ ಆಗಿ ಎರಡು ಸಲ ಸುಳಿದು ಮಾಯವಾಗುತ್ತಾನೆ. ಹಿಂದಿನ ದಿನ, ಜೂನ್ 2ರಂದು, ನಮ್ಮ ಜೊತೆ ತುದಿಗೆ ಬರುತ್ತೀಯಾ ಅಂತ ಹರ್ಜೋಗ್ ಅವನನ್ನು ಕರೆದಿದ್ದ. ಕಾಲು ಮರಗಟ್ಟಲು ಶುರುವಾಗಿದೆ, ಕೆಳಗಿನ ಕ್ಯಾಂಪಿಗೆ ಹೋಗುತ್ತೇನೆ ಅಂದ ಆಂಗ್ ಥಾರ್ಕೆ. ಹೇಳಿದ ಹಾಗೆ ಇಳಿದ. ಕಾಲೋ ತುದಿಯೋ ಅನ್ನುವ ಪ್ರಶ್ನೆಗೆ ಒಂದೇ ಇಳಿಜಾರಿನಲ್ಲಿ, ಎರಡು ದಿನದೊಳಗೆ, ಮೂರು ಜನ ಮೂರು ಉತ್ತರ ಕೊಟ್ಟರು. ನಿಮ್ಮ ಪುಸ್ತಕ ಇಲ್ಲಿದೆ. ನೀವು ಅದರ ಮೇಲೆ ಹಾದು ಮುಂದಿನ ಶಿಖರಕ್ಕೆ ಹೊರಟುಬಿಟ್ಟಿರಿ.

ಎವರೆಸ್ಟ್ ಬಿಟ್ಟರೆ ಅತಿ ಎತ್ತರದ ಶಿಖರವಾದ ಕೆ2 ಅಧ್ಯಾಯವೂ ಹೀಗೇ. 1954ರಲ್ಲಿ ಇಟಲಿಯ ಇಬ್ಬರು ತುದಿ ಮುಟ್ಟಿದ್ದನ್ನು ಬರೆದಿದ್ದೀರಿ. ಹಿಂದಿನ ರಾತ್ರಿ ಅವರಿಗೆಂದೇ ಆಕ್ಸಿಜನ್ ಹೊತ್ತು ತಂದ, ಅದೇ ತಂಡದ ಬೊನಾತ್ತಿ ಮತ್ತು ಹುಂಜಾ ಕಣಿವೆಯ ಅಮೀರ್ ಮೆಹ್ದಿ ಸುಮಾರು 8100 ಮೀಟರ್ ಎತ್ತರದಲ್ಲಿ ಟೆಂಟೂ ಇಲ್ಲದೆ ರಾತ್ರಿ ಕಳೆದದ್ದನ್ನು ಬಿಟ್ಟಿದ್ದೀರಿ. ಆ ಇಬ್ಬರು ಟೆಂಟನ್ನು ಮಾತಾಡಿಕೊಂಡ ಜಾಗದಲ್ಲಿ ಹಾಕಿರಲಿಲ್ಲ ಅಂತ ಬೊನಾತ್ತಿ ಬದುಕಿಡೀ ಬರೆದು ಜಗಳವಾಡಿದ. ಅರ್ಧ ಶತಮಾನ ಕಳೆದ ಮೇಲೆ ಇಟಲಿಯ ಆಲ್ಪೈನ್ ಕ್ಲಬ್ ಅವನ ಮಾತನ್ನು ಒಪ್ಪಿಕೊಂಡಿತು. ಮೆಹ್ದಿ ಕಾಲ್ಬೆರಳು ಕಳೆದುಕೊಂಡು ಊರಿಗೆ ಹೋದ.

ಬರೆಯಲು ಬಾರದವರ ಕಥೆ ಹೇಗೆ ಬರೆಯುವುದು ಅಂತ ನೀವು ಕೇಳಬಹುದು. ತೇನ್‌ಸಿಂಗ್‌ಗೂ ಓದುಬರಹ ಇರಲಿಲ್ಲ, ಅಮೆರಿಕದ ಲೇಖಕರೊಬ್ಬರಿಗೆ ಹೇಳಿ ಬರೆಸಿದ. ಮೊದಲು ಕಾಲಿಟ್ಟವನು ಹಿಲರಿ, ಹಿಂದೆ ನಾನು ಅಂತ ಆ ಪುಸ್ತಕದಲ್ಲೇ ಹೇಳಿಬಿಟ್ಟ. ಆಂಗ್ ಥಾರ್ಕೆಯ ನೆನಪುಗಳೂ ಹಾಗೇ ಪುಸ್ತಕವಾಗಿವೆ. ಹೇಳಿದವನ ಮಾತು ಎಲ್ಲಿಗೆ ನಿಂತು ಬರೆದವನದು ಎಲ್ಲಿ ಶುರುವಾಗುತ್ತದೆ ಅಂತ ಕಿವಿಗೊಟ್ಟು ಓದಿ. ಅನುಮಾನ ಬಂದಲ್ಲಿ ಅನುಮಾನವನ್ನೇ ಬರೆಯಿರಿ.

ನಿಮಗೆ ಬರೆಯಲು ಬರುತ್ತದೆ ಅನ್ನುವುದಕ್ಕೆ 97ನೇ ಪುಟ ಸಾಕು. ಸೆಖೆಯಲ್ಲಿ, ನಮ್ಮ ದೇಶದ ರೈಲು ಡಬ್ಬಿಯೊಳಗೆ, ಅನ್ನಪೂರ್ಣಾ ತಂಡದ ಡಾಕ್ಟರ್ ಊದೋ ಕೊಳೆತ ಬೆರಳುಗಳನ್ನು ಕತ್ತರಿಸುವ ಪುಟ. ಅಲ್ಲಿ ಒಂದು ವಿಶೇಷಣವಿಲ್ಲ, ಒಂದು ಉದ್ಗಾರ ಚಿಹ್ನೆಯಿಲ್ಲ. ನಾನು ಕಾಫಿ ಲೋಟ ಕೆಳಗಿಟ್ಟೆ.

ಹಸ್ತಪ್ರತಿ ಸ್ಪೀಡ್ ಪೋಸ್ಟ್‌ನಲ್ಲಿ ಬರುತ್ತಿದೆ, ಅಂಚಿನಲ್ಲೆಲ್ಲ ಪೆನ್ಸಿಲ್ ಗುರುತುಗಳಿವೆ. ಬೇರೆ ಹದಿಮೂರು ಅಧ್ಯಾಯ ಸದ್ಯಕ್ಕೆ ಬೀರುವಿನಲ್ಲಿರಲಿ. ಅನ್ನಪೂರ್ಣಾ ಒಂದನ್ನೇ ನಲವತ್ತು ಪುಟ ಬರೆಯಿರಿ. ಹರ್ಜೋಗ್‌ನ ಬಾಲ್ಯದಿಂದ ಬೇಡ, ಆಂಗ್ ಥಾರ್ಕೆ ಕೆಳಗಿಳಿಯಲು ತಿರುಗಿದ ಹೊತ್ತಿನಿಂದ ಶುರು ಮಾಡಿ. ಟೈಪ್ ಮಾಡಿಸುವ ಖರ್ಚು ಬೇಡ, ನಿಮ್ಮ ಅಕ್ಷರ ನನಗೆ ರೂಢಿಯಾಗಿದೆ.