ದೊಡ್ಡಪ್ಪನ ಪೆಟ್ಟಿನ ಬಗ್ಗೆ ಬರೆಯಲು ಕೂತರೆ ಕೈ ನಡುಗುತ್ತದೆ, ಹೇಗೆ ಬರೆಯಲಿ?

ಕಾಸರಗೋಡಿನ ಬದಿಯಡ್ಕ ಕಡೆಯ ಕೂಡುಕುಟುಂಬ, ಚಿಕ್ಕಂದಿನಲ್ಲಿ ತಿಂದ ದೊಡ್ಡಪ್ಪನ ಪೆಟ್ಟು, ಅವರು ಈಗ ಬದುಕಿಲ್ಲ, ರಾತ್ರಿ ಬರೆದರೆ ಬೆಳಗಿನ ತನಕ ನಿದ್ದೆಯಿಲ್ಲ ಎಂದಿದ್ದೀರಿ. ಮೊದಲು ರಾತ್ರಿ ಬರೆಯುವುದನ್ನು ಬಿಡಿ. ಹಗಲಲ್ಲಿ, ಮನೆಯಲ್ಲಿ ಬೇರೆಯವರು ಇರುವಾಗ, ಬರೆದಾದ ಮೇಲೆ ಮಾಡಲು ಏನಾದರೂ ಕೈಕೆಲಸ ಇರುವಾಗ ಕೂತುಕೊಳ್ಳಿ.

ಎರಡು ನೋಟುಪುಸ್ತಕ ಇಡಿ. ಒಂದು ನಿಮಗೆ ಮಾತ್ರ. ಅಮೆರಿಕದ ಮನಶ್ಶಾಸ್ತ್ರಜ್ಞ ಜೇಮ್ಸ್ ಪೆನ್ನೆಬೇಕರ್ 1986ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ವಿದ್ಯಾರ್ಥಿಗಳು ಬರೆದದ್ದು ದಿನಕ್ಕೆ 15 ನಿಮಿಷ, ಸತತ 4 ದಿನ. ಘಟನೆಯನ್ನೂ ಅದರ ನೋವನ್ನೂ ಸೇರಿಸಿ ಬರೆದವರಿಗೆ ಬರೆದ ಕೂಡಲೇ ಮನಸ್ಸು ಕುಗ್ಗಿತ್ತು; ಮುಂದಿನ ತಿಂಗಳುಗಳಲ್ಲಿ ಅವರು ವೈದ್ಯರ ಬಳಿ ಹೋದದ್ದು ಕಡಿಮೆ. ಹಾಗಾಗಿ ಆ ಹೊತ್ತಿನ ಭಾರಕ್ಕೆ ಹೆದರಬೇಡಿ, ಆದರೆ ಗಡಿಯಾರ ಮೀರಬೇಡಿ. ಪೆಟ್ಟು ಈಗಲೇ ಬೀಳುತ್ತಿದೆ ಅನ್ನಿಸಿದರೆ, ಕೈಕಾಲು ಮರಗಟ್ಟಿದರೆ, ವಾಕ್ಯ ಅರ್ಧಕ್ಕಿದ್ದರೂ ಪೆನ್ನು ಕೆಳಗಿಡಿ. ಎದ್ದು ತಣ್ಣೀರಿನಲ್ಲಿ ಮುಖ ತೊಳೆಯಿರಿ, ಕಣ್ಣೆದುರಿನ ಐದು ವಸ್ತುಗಳ ಹೆಸರು ಗಟ್ಟಿಯಾಗಿ ಹೇಳಿ. ಇದು ದಿನಗಟ್ಟಲೆ ಮುಂದುವರಿದರೆ ಬರಹ ನಿಲ್ಲಿಸಿ ಮನೋವೈದ್ಯರನ್ನು ನೋಡಿ. ಸರಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416 ಹಗಲೂ ರಾತ್ರಿಯೂ ಇದೆ, ದುಡ್ಡು ಕೊಡಬೇಕಿಲ್ಲ.

ಎರಡನೆಯ ಪುಸ್ತಕ ಓದುಗರಿಗೆ. ಇದನ್ನು ಅತಿ ಕೆಟ್ಟ ದಿನದಿಂದ ಶುರು ಮಾಡಬಾರದು. ಮನೆಯಿಂದ ಶುರು ಮಾಡಿ: ಚಾವಡಿ ಎಲ್ಲಿ, ಅಟ್ಟದ ಏಣಿ ಎಲ್ಲಿ, ಮಕ್ಕಳು ಮಲಗುತ್ತಿದ್ದದ್ದೆಲ್ಲಿ. ಒಂದು ನಕ್ಷೆ ಬರೆದುಕೊಂಡರೆ ನೆನಪು ತಾನಾಗಿ ಬಿಚ್ಚುತ್ತದೆ. ಆಮೇಲೆ ದೃಶ್ಯ. ‘ದೊಡ್ಡಪ್ಪ ಕ್ರೂರಿಯಾಗಿದ್ದರು’ ಎಂದರೆ ಓದುವವರಿಗೆ ಏನೂ ಕಾಣುವುದಿಲ್ಲ. ಅಂಗಳದಲ್ಲಿ ಒಣಹಾಕಿದ ಅಡಿಕೆ ಕಾಲಿಗೆ ಸಿಕ್ಕಿ ಉರುಳುವ ಸದ್ದು, ಅದು ಕೇಳಿದೊಡನೆ ಅಡುಗೆಮನೆಯಲ್ಲಿ ಮಾತು ನಿಲ್ಲುವುದು, ನೀವು ಏಣಿ ಹತ್ತುವುದು: ಇಷ್ಟು ಸಾಕು. ಪೆಟ್ಟಿನ ಲೆಕ್ಕ ಬೇಕಿಲ್ಲ. ಮನೆಯಲ್ಲಿ ತುಳುವಿನಲ್ಲಿ ಬೈದಿದ್ದರೆ ಆ ಮಾತು ತುಳುವಿನಲ್ಲೇ ಇರಲಿ. ಮಗುವಿಗೆ ಆಗ ಗೊತ್ತಿದ್ದದ್ದನ್ನೂ ನಿಮಗೆ ಈಗ ಅರ್ಥವಾಗಿರುವುದನ್ನೂ ಬೇರೆ ಬೇರೆ ಪ್ಯಾರಾದಲ್ಲಿಡಿ. ಬೆರೆತರೆ ಏಳು ವರ್ಷದ ಹುಡುಗ ವಕೀಲನಂತೆ ಮಾತಾಡತೊಡಗುತ್ತಾನೆ. ನೆನಪಿಲ್ಲದ ಕಡೆ ನೆನಪಿಲ್ಲ ಎಂದೇ ಬರೆಯಿರಿ.

ಹೆಚ್ಚಿನವರು ಸೋಲುವುದು ಚೇತರಿಕೆಯ ಭಾಗದಲ್ಲಿ. ಗಾಯಕ್ಕೆ ನೂರು ಪುಟ, ‘ಆಮೇಲೆ ಕ್ಷಮಿಸಿದೆ’ ಎಂದು ಒಂದು ಸಾಲು. ಕ್ಷಮಿಸಲೇಬೇಕೆಂದು ಯಾವ ಕಟ್ಟಳೆಯೂ ಇಲ್ಲ. ಮೊದಲು ಯಾರಿಗೆ ಹೇಳಿದಿರಿ, ಅವರು ಏನೆಂದರು, ಯಾರಾದರೂ ಕೈ ಎತ್ತಿದರೆ ಬೆಚ್ಚುವುದು ಯಾವಾಗ ಕಡಿಮೆಯಾಯಿತು, ಯಾವುದು ಇನ್ನೂ ಹೋಗಿಲ್ಲ, ಇದನ್ನೆಲ್ಲ ಅಷ್ಟೇ ಹತ್ತಿರದಿಂದ ಬರೆಯಿರಿ.

ಪ್ರಕಟಿಸುವುದಾದರೆ ಹೆಸರೊಂದನ್ನು ಬದಲಿಸಿದರೆ ಸಾಲದು. ನಮ್ಮ ಕಡೆ ತರವಾಡಿನ (ಮೂಲ ಮನೆತನದ) ಹೆಸರು, ತೋಟದ ಗುರುತು ಸಿಕ್ಕರೆ ಕುಂಬಳೆ ಪೇಟೆಗೇ ಗೊತ್ತಾಗುತ್ತದೆ. ತೀರಿಹೋದವರ ಬಗ್ಗೆ ಬರೆದದ್ದೂ ಮನೆಯವರನ್ನು ನೋಯಿಸುವ ಉದ್ದೇಶದ್ದಾದರೆ ಭಾರತೀಯ ನ್ಯಾಯ ಸಂಹಿತೆಯ 356ನೇ ಸೆಕ್ಷನ್ನಿನಡಿ ಮಾನನಷ್ಟ ಆಗಬಹುದು. ಅಲ್ಲಿ ಸತ್ಯವೆಂದರಷ್ಟೇ ಸಾಲದು, ಸಾರ್ವಜನಿಕ ಹಿತವೂ ಇರಬೇಕು. ಅಚ್ಚಿಗೆ ಮುನ್ನ ವಕೀಲರೊಬ್ಬರು ಓದಲಿ. ಅದೇ ಮನೆಯಲ್ಲಿ ಪೆಟ್ಟು ತಿಂದ ಅಕ್ಕತಮ್ಮಂದಿರಿದ್ದರೆ, ಅವರ ಪಾಲಿನ ಪುಟಗಳನ್ನು ಅವರಿಗೆ ಮೊದಲೇ ತೋರಿಸಿ, ಬೇಡವೆಂದದ್ದನ್ನು ತೆಗೆಯಿರಿ.