ಗಂಡ ಜರ್ಮನಿಯಲ್ಲಿ, ನಾನು ಗದಗಿನಲ್ಲಿ

ಪ್ರಶ್ನೆ: ನನಗೆ 28 ವರ್ಷ. ಗದಗಿನಲ್ಲಿ ಶಿಕ್ಷಕಿ, ಅತ್ತೆ-ಮಾವನ ಜೊತೆ ಇದ್ದೇನೆ. ಕಂಪನಿ ಕೆಲಸಕ್ಕೆ ಅಂತ ಗಂಡ ಜರ್ಮನಿಗೆ ಹೋಗಿ ಎಂಟು ತಿಂಗಳಾಯಿತು. ಮೊದಲು ರಾತ್ರಿ ಹತ್ತಕ್ಕೆ ಫೋನ್ ಬರುತ್ತಿತ್ತು. ನವೆಂಬರ್‌ನಿಂದ ಹನ್ನೊಂದಾಗುತ್ತಿದೆ. ಮನೆಯವರೆಲ್ಲ ಮಾತಾಡಿದ ಮೇಲೆ ನನ್ನ ಸರದಿ. ಶುರುವಾದರೆ ಜಗಳವೇ. ಅವರಿಗೆ ನಾನು ಬೇಡವಾದೆನಾ? ಸುಮ್ನೆ ಕೂತರೂ ಅಳು ಬರುತ್ತದೆ.

ಉತ್ತರ: ಮೊದಲು ಗಡಿಯಾರ ನೋಡೋಣ. ಅಕ್ಟೋಬರ್ ಕೊನೆಯ ಭಾನುವಾರ ಜರ್ಮನಿಯಲ್ಲಿ ಗಡಿಯಾರವನ್ನು ಒಂದು ಗಂಟೆ ಹಿಂದಕ್ಕೆ ತಿರುಗಿಸುತ್ತಾರೆ. ಬೇಸಿಗೆಯಲ್ಲಿ ನಮಗೂ ಅವರಿಗೂ ಮೂರೂವರೆ ಗಂಟೆ ವ್ಯತ್ಯಾಸ, ಚಳಿಗಾಲದಲ್ಲಿ ನಾಲ್ಕೂವರೆ. ಅವರು ಎಂದಿನಂತೆ ಸಂಜೆ 6.30ಕ್ಕೇ ಫೋನ್ ಮಾಡಿದರೂ ಗದಗಿನಲ್ಲಿ 11 ಆಗಿರುತ್ತದೆ. ನಸುಕಿನಲ್ಲೆದ್ದು ರೊಟ್ಟಿ ಬಡಿದು, ಶಾಲೆ ಮುಗಿಸಿ ಬಂದವರಿಗೆ ಆ ಹೊತ್ತಿನಲ್ಲಿ "ಊಟ ಆಯ್ತಾ?" ಅಂದರೂ ಚುಚ್ಚಿದ ಹಾಗೆ ಕೇಳಿಸುತ್ತದೆ. ಮಾರ್ಚ್ ಕೊನೆಯವರೆಗೆ ಆ ಹೊತ್ತು ಬಿಟ್ಟುಬಿಡಿ. ಅವರ ಮಧ್ಯಾಹ್ನ 12.30 ಅಂದರೆ ನಮ್ಮ ಸಂಜೆ 5. ಶಾಲೆ ಬಿಟ್ಟಿರುತ್ತದೆ, ಅವರಿಗೂ ಊಟದ ಬಿಡುವು. ಹತ್ತು ನಿಮಿಷ ಸಾಕು. ಉದ್ದ ಮಾತು ಭಾನುವಾರಕ್ಕಿರಲಿ.

ಪಡಸಾಲೆಯಲ್ಲಿ ಎಲ್ಲರ ಮುಂದೆ ಫೋನ್ ಹಿಡಿದು ಮನಸ್ಸಿನ ಮಾತು ಹೇಳಲಾಗುವುದಿಲ್ಲ. ಅತ್ತೆಯವರಿಗೂ ಮಗನ ಮುಖ ನೋಡುವ ಆಸೆ, ಅದು ತಪ್ಪಲ್ಲ. "ಅವ್ವಾ, ನಿನಗ ಬ್ಯಾರೆ ಫೋನ್ ಮಾಡ್ತೀನಿ" ಅಂತ ಮಗನೇ ಹೇಳಲಿ. ಅದೇ ಮಾತನ್ನು ಸೊಸೆ ಆಡಿದರೆ ಮನೆಯಲ್ಲಿ ಅರ್ಥವೇ ಬೇರೆಯಾಗುತ್ತದೆ, ಅಲ್ವಾ?

ಅವರ ಮನಸ್ಸಿನಲ್ಲೇನಿದೆ ಎಂದು ಪತ್ರ ಓದಿ ನಾನು ಹೇಳಲಾರೆ. ಆದರೆ ಅವರು ಯಾವಾಗ ವಾಪಸ್ ಬರುತ್ತಾರೆ ಅನ್ನೋದು ನಿಮ್ಮ ಪತ್ರದಲ್ಲಿ ಎಲ್ಲೂ ಇಲ್ಲ. ನನಗೆ ಜಾಸ್ತಿ ಚಿಂತೆ ಅದರದ್ದೇ. ಎಷ್ಟು ದಿನ ಅಂತ ಗೊತ್ತಿದ್ದರೆ ಮನಸ್ಸು ಹೇಗೋ ತಡೆದುಕೊಳ್ಳುತ್ತದೆ. ಗೊತ್ತಿಲ್ಲದಾಗ ಪ್ರತಿ ಸಣ್ಣ ತಡವೂ ಅನುಮಾನವಾಗುತ್ತದೆ. ಕೇಳಲು ಹೆದರಬೇಡಿ. ಕೆಲಸ ಎಂದಿಗೆ ಮುಗಿಯುತ್ತದೆ, ನಡುವೆ ರಜೆ ಸಿಗುತ್ತದಾ, ನಾನೇ ಅಲ್ಲಿಗೆ ಬರಲಾ? ಜಗಳದ ನಡುವೆ ಮಾತ್ರ ಬೇಡ. ಮುಂದೆ ತಾರೀಖು ಬದಲಾದರೂ ಪರವಾಗಿಲ್ಲ, ಈಗ ಇಬ್ಬರೂ ಸೇರಿ ಒಂದು ತಾರೀಖು ಗೊತ್ತು ಮಾಡಿಕೊಳ್ಳಿ.

ಅಳು ಎರಡು ವಾರವಾದರೂ ನಿಲ್ಲದಿದ್ದರೆ, ನಿದ್ದೆ, ಊಟ ಕೆಟ್ಟಿದ್ದರೆ ಧಾರವಾಡದ ಡಿಮ್ಹಾನ್ಸ್ ಮಾನಸಿಕ ಆರೋಗ್ಯ ಆಸ್ಪತ್ರೆಗೆ ಹೋಗಿ ತೋರಿಸಿಕೊಳ್ಳಿ. ಹಿಂಜರಿಕೆಯಾದರೆ 14416ಕ್ಕೆ ಫೋನ್ ಮಾಡಿ. ಅದು ಸರ್ಕಾರದ ಟೆಲಿ-ಮಾನಸ್ ಸಹಾಯವಾಣಿ. ದುಡ್ಡು ಕೊಡಬೇಕಿಲ್ಲ, ಹಗಲು ರಾತ್ರಿ ಯಾವಾಗ ಬೇಕಾದರೂ ಕನ್ನಡದಲ್ಲೇ ಮಾತಾಡಬಹುದು. ಬದುಕೇ ಬೇಡ ಅನಿಸಿದರಂತೂ ಎರಡು ವಾರ ಕಾಯಬೇಡಿ, ಆವತ್ತೇ ಮಾಡಿ.