ನಾಲ್ಕು ಕೆಬಿ ಮೆಮೊರಿಯಲ್ಲಿ ಚಂದ್ರನ ಮೇಲೆ ಇಳಿದದ್ದು ಹೇಗೆ?

ಮನುಷ್ಯರನ್ನು ಚಂದ್ರನ ಮೇಲೆ ಇಳಿಸಿದ ಅಪೋಲೋ ನೌಕೆಯ ಕಂಪ್ಯೂಟರಿಗಿಂತ ನಮ್ಮ ಮೊಬೈಲು ಮೆಮೊರಿಯಲ್ಲಿ ಲಕ್ಷಗಟ್ಟಲೆ ಪಟ್ಟು ದೊಡ್ಡದು ಎಂದು ಓದಿದ ನಿಮ್ಮ ಎಂಟನೇ ಕ್ಲಾಸಿನ ಮಗ, "ಹಾಗಾದರೆ ಅಷ್ಟು ಸಣ್ಣದರಲ್ಲಿ ಚಂದ್ರನಿಗೆ ಹೋಗಿ ಬಂದದ್ದು ನಿಜವೇ?" ಎಂದು ಕೇಳುತ್ತಾನೆ, ಏನು ಹೇಳಲಿ ಎಂದಿದ್ದೀರಿ. ನಾನು ಕಾಸರಗೋಡಿನ ಬದಿಯಡ್ಕದ ಕಡೆಯವನು, ಕನ್ನಡ ಮಾಧ್ಯಮದ ಮಕ್ಕಳಿಗೆ ಗಣಿತ ಕಲಿಸುತ್ತೇನೆ. 2023ರ ಆಗಸ್ಟ್ 23ರಂದು ಚಂದ್ರಯಾನ-3 ಇಳಿದ ಮರುದಿನ ನನ್ನ ಕ್ಲಾಸಿನಲ್ಲೂ ಒಬ್ಬಳು ಇದನ್ನೇ ಕೇಳಿದಳು. ಅವತ್ತು ಪಾಠ ಬಿಟ್ಟು ಲೆಕ್ಕ ಮಾಡಿದೆವು.

ಮೊದಲು ಅವನು ಓದಿದ್ದು ಸರಿ ಎಂದು ಒಪ್ಪಿಕೊಳ್ಳಿ. ಅಪೋಲೋ ನೌಕೆಯ ಕಂಪ್ಯೂಟರಿನ ತೂಕ ಸುಮಾರು 32 ಕಿಲೋ. ಕೆಲಸದ ನಡುವೆ ಬರೆದು ಅಳಿಸಲು ಬರುವ ಮೆಮೊರಿ 2,048 ಪದಗಳು (ಪದ ಎಂದರೆ ಇಲ್ಲಿ ಕಂಪ್ಯೂಟರು ಒಟ್ಟಿಗೆ ಹಿಡಿಯುವ ಸೊನ್ನೆ-ಒಂದುಗಳ ಒಂದು ಗುಂಪು), ಅಂದರೆ ಹೆಚ್ಚುಕಡಿಮೆ 4 ಕೆಬಿ. ಬದಲಾಯಿಸಲು ಬಾರದ ಮೆಮೊರಿ 36,864 ಪದಗಳು, ಸುಮಾರು 72 ಕೆಬಿ. ನಿಮ್ಮ ಫೋನಿನಲ್ಲಿ 8 ಜಿಬಿ ರ್‍ಯಾಮ್ ಇದ್ದರೆ ಅದು ಆ 4 ಕೆಬಿಯ 20 ಲಕ್ಷ ಪಟ್ಟು. ಒಂದು ಕೂಡುವ ಲೆಕ್ಕಕ್ಕೆ ಅಪೋಲೋ ಕಂಪ್ಯೂಟರು 23.4 ಮೈಕ್ರೋಸೆಕೆಂಡು ತೆಗೆದುಕೊಳ್ಳುತ್ತಿತ್ತು, ಅಂದರೆ ಸೆಕೆಂಡಿಗೆ ಸುಮಾರು 42 ಸಾವಿರ ಕೂಡಿಕೆ.

ಇಲ್ಲಿ ನಿಂತು ಅವನಿಗೆ ಒಂದು ಪ್ರಶ್ನೆ ಹಾಕಿ: ಚಂದ್ರನ ಮೇಲೆ ಇಳಿಯಲು ಎಷ್ಟು ಕೂಡಿಕೆ ಬೇಕು? ಇಳಿಯುವಾಗ ಆ ಕಂಪ್ಯೂಟರು ಎರಡು ಸೆಕೆಂಡಿಗೊಮ್ಮೆ ನೌಕೆ ಎಲ್ಲಿದೆ, ಎಷ್ಟು ವೇಗದಲ್ಲಿದೆ, ಎಂಜಿನ್ನು ಎತ್ತ ತಿರುಗಿ ಎಷ್ಟು ಉರಿಯಬೇಕು ಎಂದು ಹೊಸದಾಗಿ ಲೆಕ್ಕ ಹಾಕುತ್ತಿತ್ತು. ಎರಡು ಸೆಕೆಂಡು ಎಂದರೆ 80 ಸಾವಿರಕ್ಕೂ ಹೆಚ್ಚು ಕೂಡಿಕೆಗೆ ಸಮಯ ಉಂಟು. ನ್ಯೂಟನ್ನನ ನಿಯಮಗಳಿಗೆ ಅಷ್ಟು ಧಾರಾಳ ಸಾಕು. ಇನ್ನು ನಮ್ಮ ಫೋನಿನ ಪರದೆ ನೋಡಿ. 1080 ಗುಣಿಸು 2400 ಚುಕ್ಕೆಗಳು, ಸುಮಾರು 26 ಲಕ್ಷ, ಸೆಕೆಂಡಿಗೆ 60 ಸಲ ಹೊಸದಾಗುತ್ತವೆ. ಅಪೋಲೋ ಯಾತ್ರಿಗಳ ಮುಂದೆ ಇದ್ದದ್ದು ಒಟ್ಟು 21 ಅಂಕಿಗಳು, ಕೆಲವು ದೀಪಗಳು, ಒಂದು ಕೀಲಿಮಣೆ. ನಮ್ಮ ಫೋನಿನ ಶಕ್ತಿಯ ದೊಡ್ಡ ಪಾಲು ಚಂದ ಕಾಣಿಸುವುದಕ್ಕೇ ಹೋಗುತ್ತದೆ ಎಂಬುದು ಮಕ್ಕಳಿಗೆ ಆ ದಿನ ಬೋರ್ಡಿನ ಮೇಲೆ ಅಂಕಿ ಬರೆದಾಗ ಹೊಳೆಯಿತು.

ದೊಡ್ಡ ದೊಡ್ಡ ಲೆಕ್ಕವೆಲ್ಲ ನೌಕೆಯ ಕಂಪ್ಯೂಟರಿನ ಮೇಲೆಯೇ ಇರಲಿಲ್ಲ ಎಂಬುದನ್ನೂ ಹೇಳಿ. ಅಮೆರಿಕದ ಹ್ಯೂಸ್ಟನ್ನಿನಲ್ಲಿದ್ದ ನಾಸಾದ ನಿಯಂತ್ರಣ ಕೇಂದ್ರದಲ್ಲಿ ಐಬಿಎಂ 360 ಸರಣಿಯ ದೊಡ್ಡ ಯಂತ್ರಗಳು ನೌಕೆಯ ದಾರಿಯನ್ನು ಲೆಕ್ಕ ಹಾಕಿ ಮೇಲಕ್ಕೆ ಕಳಿಸುತ್ತಿದ್ದವು.

ನನಗೆ ತುಂಬ ಇಷ್ಟವಾದದ್ದು ಆ 72 ಕೆಬಿಯನ್ನು ಮಾಡಿದ ರೀತಿ. ಪ್ರೋಗ್ರಾಮು ಬರೆದವರು ಅಮೆರಿಕದ ಎಂಐಟಿ ಎಂಬ ತಾಂತ್ರಿಕ ವಿಶ್ವವಿದ್ಯಾಲಯದವರು. ಅದನ್ನು ಮೆಮೊರಿಗೆ ಇಳಿಸಿದ್ದು ಮ್ಯಾಸಚೂಸೆಟ್ಸಿನ ವಾಲ್ತಂನಲ್ಲಿದ್ದ ರೇಥಿಯಾನ್ ಕಾರ್ಖಾನೆಯ ಹೆಂಗಸರ ಕೈ. ಸಣ್ಣ ಕಾಂತದ ಉಂಗುರಗಳ ಸಾಲು. ಸೂಜಿಯಲ್ಲಿ ತಂತಿ ಹಿಡಿದು ಉಂಗುರದ ಒಳಗಿನಿಂದ ತೂರಿಸಿದರೆ ಒಂದು, ಹೊರಗಿನಿಂದ ದಾಟಿಸಿದರೆ ಸೊನ್ನೆ. ನಮ್ಮಲ್ಲಿ ಕಾಸರಗೋಡು ಸೀರೆಯ ಕೈಮಗ್ಗ ನೋಡಿದ ಮಕ್ಕಳಿಗೆ ಇದನ್ನು ಬಿಡಿಸಿ ಹೇಳಬೇಕಾಗಲಿಲ್ಲ. "ಒಂದು ಎಳೆ ತಪ್ಪಿದರೆ?" ಎಂದು ಕೇಳಿದರು. ತಪ್ಪಿದರೆ ಬಿಚ್ಚಿ ಮತ್ತೆ ಹೆಣೆಯಬೇಕು, ಆದ್ದರಿಂದ ಹಾರುವ ಎಷ್ಟೋ ತಿಂಗಳ ಮೊದಲೇ ಪ್ರೋಗ್ರಾಮು ಮುಗಿದಿರಬೇಕಿತ್ತು. ಆಮೇಲೆ ಅಪ್‌ಡೇಟ್ ಕಳಿಸುವ ಮಾತಿಲ್ಲ. ಬರೆಯುವವರು ಒಂದೊಂದು ಪದವನ್ನೂ ಯೋಚಿಸಿ ಇಟ್ಟದ್ದಕ್ಕೆ ಇದೂ ಒಂದು ಕಾರಣ.

ಆ ಯೋಚನೆಗೆ ಪರೀಕ್ಷೆ ಬಂದದ್ದು 1969ರ ಜುಲೈ 20ರಂದು. ಅಪೋಲೋ 11 ಇಳಿಯುತ್ತಿದ್ದಾಗ 1202 ಎಂಬ ಎಚ್ಚರಿಕೆ ಹೊತ್ತಿಕೊಂಡಿತು. ಆ ಹೊತ್ತಿಗೆ ಬೇಡದ ಒಂದು ರೇಡಾರು ಸುಮ್ಮನೆ ಸಂಕೇತ ಕಳಿಸಿ ಕಂಪ್ಯೂಟರಿನ ಸಮಯ ಕದಿಯುತ್ತಿತ್ತು. ಕೆಲಸಗಳು ಸಾಲಿನಲ್ಲಿ ಹೆಚ್ಚಾಗಿ ಜಾಗ ಸಾಲದಾಯಿತು. ನಮ್ಮ ಮನೆಯಂಗಳದಲ್ಲಿ ಅಡಿಕೆ ಒಣಗಲು ಹಾಕಿರುವಾಗ ಅಕಾಲದ ಮಳೆ ಬಂದರೆ ಹೇಗೆ? ಅಮ್ಮ ಒಲೆಯ ಮೇಲಿನ ಸಾರು, ಹಟ್ಟಿಯ ಕೆಲಸ, ಫೋನಿನ ಮಾತು ಎಲ್ಲ ಬಿಟ್ಟು ಟರ್ಪಾಲು ಎಳೆಯಲು ಓಡುತ್ತಾರೆ. ಆ ಕಂಪ್ಯೂಟರು ಮಾಡಿದ್ದೂ ಅದನ್ನೇ. ಪ್ರತಿ ಕೆಲಸಕ್ಕೂ ಮೊದಲೇ ಒಂದು ಆದ್ಯತೆಯ ಅಂಕಿ ಕೊಟ್ಟಿದ್ದರು. ತುಂಬಿಹೋದ ಕೂಡಲೇ ಅದು ಕ್ಷಣದಲ್ಲಿ ತನ್ನನ್ನು ತಾನೇ ಮತ್ತೆ ಶುರು ಮಾಡಿಕೊಂಡು, ದಾರಿ ತೋರುವ ಕೆಲಸ, ಎಂಜಿನ್ನಿನ ಕೆಲಸ ಉಳಿಸಿ ಮಿಕ್ಕದ್ದನ್ನು ಕೈಬಿಟ್ಟಿತು. ಇಳಿಯುವಷ್ಟರಲ್ಲಿ ಇಂಥ ಎಚ್ಚರಿಕೆ ಐದು ಸಲ ಬಂತು. ಹ್ಯೂಸ್ಟನ್ನಿನಲ್ಲಿ 24 ವರ್ಷದ ಎಂಜಿನಿಯರ್ ಜ್ಯಾಕ್ ಗಾರ್ಮನ್ ಈ ಎಚ್ಚರಿಕೆಗಳ ಅರ್ಥವನ್ನು ಮೊದಲೇ ಕೈಬರಹದಲ್ಲಿ ಪಟ್ಟಿ ಮಾಡಿಟ್ಟುಕೊಂಡಿದ್ದರು. ಅವರ ಮಾತು ನಂಬಿ ನಿಯಂತ್ರಣ ಕೊಠಡಿಯ 26 ವರ್ಷದ ಸ್ಟೀವ್ ಬೇಲ್ಸ್ ಮುಂದುವರಿಯಲು ಹೇಳಿದರು. ನಮ್ಮ ಫೋನು ತುಂಬಿದಾಗ ಯಾವ ಆ್ಯಪನ್ನು ಮುಚ್ಚುತ್ತದೆ ಎಂದು ನಮಗೆ ಗೊತ್ತಾಗುವುದಿಲ್ಲ. ಅಪೋಲೋದವರಿಗೆ ಗೊತ್ತಿತ್ತು.

ಈಗಿನ ನೌಕೆಗಳಲ್ಲಾದರೂ ಹೊಸ ಚಿಪ್ ಇರಬೇಕಲ್ಲ ಎಂದು ಅವನು ಮುಂದೆ ಕೇಳುತ್ತಾನೆ, ನನ್ನ ಕ್ಲಾಸಿನವರೂ ಕೇಳಿದರು. ಬಾಹ್ಯಾಕಾಶದ ವಿಕಿರಣದ ಒಂದು ಕಣ ತಾಗಿದರೆ ಚಿಪ್ಪಿನೊಳಗೆ ಸೊನ್ನೆ ಒಂದಾಗಿಬಿಡಬಹುದು. ಹಾಗಾಗಿ ವಿಕಿರಣ ತಾಳುವಂತೆ ಮಾಡಿದ, ವರ್ಷಗಟ್ಟಲೆ ಪರೀಕ್ಷೆಯಾದ ಹಳೆಯ ಚಿಪ್ಪನ್ನೇ ನಂಬುತ್ತಾರೆ. 2021ರಲ್ಲಿ ಮಂಗಳನ ಮೇಲೆ ಇಳಿದ ಪರ್ಸಿವಿಯರೆನ್ಸ್ ರೋವರಿನ ಚಿಪ್ಪಿನ ವೇಗ ಕೇವಲ 200 ಮೆಗಾಹರ್ಟ್ಸ್. ನಮ್ಮ ಇಸ್ರೋ ರಾಕೆಟ್ಟುಗಳಲ್ಲಿ 2009ರಿಂದ ಬಳಸುತ್ತ ಬಂದ ವಿಕ್ರಮ್ 1601 ಚಿಪ್ಪು ಬರೀ 16 ಬಿಟ್ಟಿನದು, ಅಂದರೆ ಒಂದು ಸಲಕ್ಕೆ 16 ಸೊನ್ನೆ-ಒಂದುಗಳನ್ನು ಹಿಡಿಯುವಂಥದು. ಆದರೆ ಅದೇ ಪರ್ಸಿವಿಯರೆನ್ಸ್ ಜೊತೆ ಹೋದ ಪುಟ್ಟ ಹೆಲಿಕಾಪ್ಟರು ಇಂಜೆನ್ಯುಟಿಯಲ್ಲಿ ನಿಜಕ್ಕೂ ಮೊಬೈಲಿನ ಚಿಪ್ಪಿತ್ತು, ಸ್ನ್ಯಾಪ್‌ಡ್ರ್ಯಾಗನ್ 801. ಅದು ಸೆಕೆಂಡಿಗೆ 30 ಚಿತ್ರ ನೋಡಿ ದಾರಿ ಹುಡುಕುತ್ತಿತ್ತು, 72 ಸಲ ಹಾರಿತು. ಚಿತ್ರ ನೋಡುವ ಕೆಲಸ ಬಂದಾಗ ಆ ಶಕ್ತಿ ಬೇಕೇ ಬೇಕು.

ಇಷ್ಟು ಹೇಳಿದರೂ ಅವನಿಗೆ ಸಂಶಯ ಉಳಿದರೆ ಬೈಯಬೇಡಿ, ಸ್ವತಃ ಮುಟ್ಟಿ ನೋಡಲಿ. ಅಪೋಲೋ 11ರ ಪ್ರೋಗ್ರಾಮಿನ ಮೂಲ ಸಾಲುಗಳು ಇಂಟರ್ನೆಟ್ಟಿನಲ್ಲಿ ಎಲ್ಲರಿಗೂ ತೆರೆದಿವೆ. ವರ್ಚುವಲ್ ಎಜಿಸಿ ಎಂಬ ಉಚಿತ ತಂತ್ರಾಂಶದಲ್ಲಿ ಅದು ನಮ್ಮ ಮನೆಯ ಕಂಪ್ಯೂಟರಿನಲ್ಲೇ ಓಡುತ್ತದೆ. ಕೀಲಿಮಣೆಯಲ್ಲಿ ವರ್ಬ್, 35, ಎಂಟರ್ ಒತ್ತಲು ಹೇಳಿ. ಯಾತ್ರಿಗಳು ದೀಪ ಪರೀಕ್ಷಿಸಲು ಒತ್ತುತ್ತಿದ್ದದ್ದು ಇದನ್ನೇ. 21 ಅಂಕಿಗಳೂ ಎಂಟು ಎಂಟಾಗಿ ಹೊತ್ತಿಕೊಳ್ಳುತ್ತವೆ.